ಇಮ್ಯುನೊಥೆರಪಿ ಶಕ್ತಿಯ ಇಂಜೆಕ್ಷನ್ ಅಲ್ಲ

"ಇಮ್ಯುನಿಟಿ ಜಾಸ್ತಿ ಮಾಡೋ ಇಂಜೆಕ್ಷನ್ ಅಂತೆ. ಕೀಮೊ ಥರ ಅಲ್ವಂತೆ. ಸೈಡ್ ಎಫೆಕ್ಟೇ ಇಲ್ವಂತೆ."

ಇಮ್ಯುನೊಥೆರಪಿ ಶುರು ಮಾಡೋಣ ಅಂತ ರೋಗಿಯ ಮನೆಯವರ ಜೊತೆ ಮಾತಿಗೆ ಕೂತಾಗ ಈ ಮೂರು ಮಾತು ಬಂದೇ ಬರುತ್ತವೆ. ಹೇಳುವಾಗ ಅವರ ಮುಖದಲ್ಲಿ ಒಂದು ನಿರಾಳ ಇರುತ್ತದೆ. ಕೀಮೊ ಹೆಸರು ಕೇಳಿ ಹೆದರಿ ಬಂದವರು ಪಾಪ. ಆ ನಿರಾಳ ಕೆಡಿಸೋಕೆ ನನಗೂ ಮನಸ್ಸಾಗುವುದಿಲ್ಲ. ಆದರೂ ಕೆಡಿಸಬೇಕಾಗುತ್ತದೆ. ಮೂರರಲ್ಲಿ ನಡುವಿನ ಮಾತೊಂದೇ ನಿಜ. ಮೊದಲನೆಯದು ತಪ್ಪು, ಅದರಿಂದ ಹುಟ್ಟಿದ ಮೂರನೆಯದು ಅಪಾಯ.

ಇಮ್ಯುನೊಥೆರಪಿ ಅನ್ನುವ ಹೆಸರಿನ ಕೆಳಗೆ ಬೇರೆ ಬೇರೆ ಚಿಕಿತ್ಸೆಗಳಿವೆ. ಮೂತ್ರಕೋಶದ ಕ್ಯಾನ್ಸರಿನ ಆರಂಭದ ಹಂತದಲ್ಲಿ ಬಿಸಿಜಿಯನ್ನು ಮೂತ್ರಕೋಶದೊಳಕ್ಕೇ ಬಿಡುವುದೂ ಇಮ್ಯುನೊಥೆರಪಿ. ರೋಗಿಯದೇ ಟಿ ಜೀವಕೋಶಗಳನ್ನು ಹೊರತೆಗೆದು, ತಿದ್ದಿ, ವಾಪಸ್ ಕೊಡುವ ಕಾರ್-ಟಿ ಕೂಡ ಇಮ್ಯುನೊಥೆರಪಿ. ಅಲರ್ಜಿ ಡಾಕ್ಟರು ಧೂಳಿಗೋ ಪರಾಗಕ್ಕೋ ಕೊಡುವ ಇಂಜೆಕ್ಷನ್‌ಗಳಿಗೂ ಅದೇ ಹೆಸರು. ಆದರೆ ಕ್ಯಾನ್ಸರ್ ಒಪಿಡಿಯಲ್ಲಿ ಸುಮ್ನೆ 'ಇಮ್ಯುನೊ' ಅಂದರೆ ಹೆಚ್ಚಾಗಿ ಒಂದೇ ಗುಂಪಿನ ಔಷಧಗಳು, ಚೆಕ್‌ಪಾಯಿಂಟ್ ಇನ್ಹಿಬಿಟರ್‌ಗಳು. ಪೆಂಬ್ರೊಲಿಜುಮ್ಯಾಬ್, ನಿವೊಲುಮ್ಯಾಬ್, ಅಟೆಜೊಲಿಜುಮ್ಯಾಬ್, ಡರ್ವಾಲುಮ್ಯಾಬ್, ಇಪಿಲಿಮುಮ್ಯಾಬ್. ಡಿಸ್ಚಾರ್ಜ್ ಸಮ್ಮರಿಯಲ್ಲಿ ಈ ಹೆಸರುಗಳಲ್ಲಿ ಒಂದಿದ್ದರೆ ಮುಂದಿನದು ನಿಮಗೆ ಸಂಬಂಧಪಟ್ಟದ್ದು.

ನಮ್ಮ ಮೈಯಲ್ಲಿ ಟಿ ಜೀವಕೋಶಗಳು ಓಡಾಡಿಕೊಂಡಿರುತ್ತವೆ. ವೈರಸ್ ಹೊಕ್ಕ ಜೀವಕೋಶವನ್ನೋ ಕೆಟ್ಟ ಜೀವಕೋಶವನ್ನೋ ಗುರುತಿಸಿ ಕೊಲ್ಲುವುದು ಅವುಗಳ ಕೆಲಸ. ಕೊಲ್ಲುವ ಸಾಮರ್ಥ್ಯ ಇರುವವಕ್ಕೆ ತಡೆಯೂ ಬೇಕು, ಅಲ್ವಾ? ಇಲ್ಲದಿದ್ದರೆ ನಮ್ಮದೇ ಕರುಳು, ಲಿವರ್, ಕೀಲು ಯಾವುದನ್ನೂ ಬಿಡಲಾರವು. ಅದಕ್ಕೇ ಅವುಗಳ ಮೇಲ್ಮೈಯಲ್ಲಿ ಕೆಲವು ಬ್ರೇಕ್‌ಗಳಿವೆ, ಚೆಕ್‌ಪಾಯಿಂಟ್ ಅನ್ನುವುದು ಇವಕ್ಕೇ. ಒಂದರ ಹೆಸರು ಸಿಟಿಎಲ್ಎ-4, ಇನ್ನೊಂದರದ್ದು ಪಿಡಿ-1. ಎದುರಿನ ಜೀವಕೋಶ ಪಿಡಿ-ಎಲ್1 ಅನ್ನುವ ಪ್ರೋಟೀನ್ ತೋರಿಸಿ ಈ ಪಿಡಿ-1ನ್ನು ಮುಟ್ಟಿದರೆ ಟಿ ಜೀವಕೋಶ ತಣ್ಣಗಾಗುತ್ತದೆ. ಎಷ್ಟೋ ಕ್ಯಾನ್ಸರ್ ಗಡ್ಡೆಗಳು ಇದೇ ಪಿಡಿ-ಎಲ್1 ತೋರಿಸಿಕೊಂಡು ಬಚಾವಾಗುತ್ತವೆ.

ಔಷಧ ಮಾಡುವುದು ಇಷ್ಟೇ. ಪಿಡಿ-1 ಮೇಲೋ ಪಿಡಿ-ಎಲ್1 ಮೇಲೋ ಹೋಗಿ ಕೂತು ಅವೆರಡೂ ಸೇರದ ಹಾಗೆ ನೋಡಿಕೊಳ್ಳುತ್ತದೆ. ಇಪಿಲಿಮುಮ್ಯಾಬ್ ಆದರೆ ಸಿಟಿಎಲ್ಎ-4 ಮೇಲೆ ಕೂರುತ್ತದೆ. ಅಂದರೆ ಬ್ರೇಕ್ ಹಿಡಿಯದ ಹಾಗೆ ಮಾಡುತ್ತದೆ. ಬ್ರೇಕ್ ಬಿಡಿಸಿದರೆ ಎಂಜಿನ್‌ಗೆ ಹೊಸ ಬಲ ಬರುವುದಿಲ್ಲ. ಹೊಸ ಟಿ ಜೀವಕೋಶ ಹುಟ್ಟಿಸುವ, ರಕ್ತ ಹೆಚ್ಚಿಸುವ, ನೆಗಡಿ ಜ್ವರ ಬರದಂತೆ ಕಾಯುವ ಕೆಲಸ ಈ ಔಷಧದ್ದಲ್ಲ. ಕ್ಯಾನ್ಸರ್ ಜೀವಕೋಶವನ್ನು ನೇರವಾಗಿ ಕೊಲ್ಲುವುದಕ್ಕೂ ಇದನ್ನು ಕೊಡುವುದಲ್ಲ. ಗಡ್ಡೆಯನ್ನು ಗುರುತು ಹಿಡಿದ ಟಿ ಜೀವಕೋಶಗಳು ಮೈಯಲ್ಲಿ ಆಗಲೇ ಇದ್ದು, ತಡೆಗೆ ಸಿಕ್ಕಿ ನಿಂತಿದ್ದರೆ ಮಾತ್ರ ಉಪಯೋಗ. ಇಲ್ಲವಾದರೆ ಬ್ರೇಕ್ ಬಿಡಿಸಿ ಏನು ಬಂತು? ಪಿಡಿ-ಎಲ್1, ಎಂಎಸ್ಐ ಅಂತ ಬಯಾಪ್ಸಿಯ ಮೇಲೆ ನಾವು ಟೆಸ್ಟ್ ಮಾಡಿಸುವುದು ಇದರ ಅಂದಾಜು ಸಿಗಲಿ ಅಂತ. ಅಂದಾಜು ಅಷ್ಟೇ. ಟೆಸ್ಟ್ ಚೆನ್ನಾಗಿ ಬಂದವರಲ್ಲೂ ಕೆಲವರಿಗೆ ಔಷಧ ಹತ್ತುವುದಿಲ್ಲ.

ಹತ್ತಿದವರಲ್ಲಿ ಕೆಲವರ ಫಲಿತಾಂಶ ನೋಡಿದರೆ ಈಗಲೂ ನನಗೆ ರೋಮಾಂಚನವಾಗುತ್ತದೆ. ಜಪಾನಿನ ವಿಜ್ಞಾನಿ ತಾಸುಕು ಹೊಂಜೊ ಅವರ ತಂಡ ಪಿಡಿ-1ನ್ನು ಕಂಡುಹಿಡಿದದ್ದು 1992ರಲ್ಲಿ. ಸಿಟಿಎಲ್ಎ-4ನ್ನು ತಡೆದರೆ ಇಲಿಗಳಲ್ಲಿ ಗಡ್ಡೆ ಕರಗುತ್ತದೆ ಅಂತ ಅಮೆರಿಕದ ವಿಜ್ಞಾನಿ ಜೇಮ್ಸ್ ಆ್ಯಲಿಸನ್ ತೋರಿಸಿದ್ದೂ ಅದೇ ದಶಕದಲ್ಲಿ. ಮೊದಲ ಔಷಧ ಇಪಿಲಿಮುಮ್ಯಾಬ್‌ಗೆ ಅಮೆರಿಕದಲ್ಲಿ ಅನುಮತಿ ಸಿಕ್ಕಿದ್ದು 2011ರಲ್ಲಿ, ಮೆಲನೋಮಾ ಅನ್ನುವ ಚರ್ಮದ ಕ್ಯಾನ್ಸರಿಗೆ. 2018ರಲ್ಲಿ ಇಬ್ಬರಿಗೂ ನೊಬೆಲ್ ಬಂತು. ಮೈತುಂಬ ಹರಡಿದ ಮೆಲನೋಮಾ ಇದ್ದೂ ವರ್ಷಗಟ್ಟಲೆ ಬದುಕುವವರು ಇವತ್ತು ಇದ್ದಾರೆ. ಹಾಗಾಗಿ ಈ ಔಷಧ ಬೇಡ ಅನ್ನುವುದು ನನ್ನ ಮಾತಲ್ಲ. ಬೇಕು, ಆದರೆ ಅದು ಏನು ಅಂತ ತಿಳಿದುಕೊಂಡು ತಗೊಳ್ಳಿ.

ಡ್ರಿಪ್‌ನಲ್ಲಿ ಹೋದ ಔಷಧ ಗಡ್ಡೆ ಎಲ್ಲಿದೆ ಅಂತ ವಿಳಾಸ ಕೇಳಿಕೊಂಡು ಹೋಗುವುದಿಲ್ಲ. ತಡೆ ಸಡಿಲವಾಗುವುದು ಇಡೀ ಮೈಯಲ್ಲಿ. ಅದಕ್ಕೇ ಇದರ ಅಡ್ಡಪರಿಣಾಮಗಳ ಜಾತಿಯೇ ಬೇರೆ. ಕೂದಲು ಸಾಮಾನ್ಯವಾಗಿ ಉದುರುವುದಿಲ್ಲ. ವಾಂತಿ ಕಮ್ಮಿ. ಬಿಳಿ ರಕ್ತಕಣಗಳು ಕೀಮೊದಲ್ಲಿ ಬೀಳುವ ಹಾಗೆ ಬೀಳುವುದಿಲ್ಲ. ಆದರೆ ಯಾವ ಅಂಗದಲ್ಲಿ ಬೇಕಾದರೂ ಉರಿಯೂತ ಶುರುವಾಗಬಹುದು: ಚರ್ಮ, ಕರುಳು, ಲಿವರ್, ಶ್ವಾಸಕೋಶ, ಥೈರಾಯ್ಡ್, ಮೆದುಳಿನ ಬುಡದಲ್ಲಿರುವ ಪಿಟ್ಯುಟರಿ ಗ್ರಂಥಿ, ಕೀಲು. ಅಪರೂಪಕ್ಕೆ ಹೃದಯದ ಸ್ನಾಯು, ಅದು ಆದರೆ ಪ್ರಾಣಕ್ಕೇ ಕುತ್ತು. ಒಂದೇ ಔಷಧ ತಗೊಳ್ಳುವ ಹೆಚ್ಚಿನವರಿಗೆ ತೀವ್ರ ತೊಂದರೆ ಆಗುವುದಿಲ್ಲ, ಇದನ್ನೂ ಸ್ಪಷ್ಟವಾಗಿ ಹೇಳಬೇಕು. ಇಪಿಲಿಮುಮ್ಯಾಬ್, ನಿವೊಲುಮ್ಯಾಬ್ ಎರಡನ್ನೂ ಸೇರಿಸಿ ಕೊಟ್ಟಾಗ ಲೆಕ್ಕ ಬದಲಾಗುತ್ತದೆ. ಮೆಲನೋಮಾದ ದೊಡ್ಡ ಅಧ್ಯಯನದಲ್ಲಿ ಹಾಗೆ ತಗೊಂಡವರಲ್ಲಿ ಅರ್ಧಕ್ಕಿಂತ ಹೆಚ್ಚು ಜನರಿಗೆ ತೀವ್ರ ದರ್ಜೆಯ ತೊಂದರೆಗಳಾದವು.

'ಶಕ್ತಿಯ ಇಂಜೆಕ್ಷನ್' ಅನ್ನುವ ನಂಬಿಕೆ ಕಾಡುವುದು ಇಲ್ಲಿ. ಶ್ವಾಸಕೋಶದ ಕ್ಯಾನ್ಸರಿನ ಹಿರಿಯರೊಬ್ಬರು, ಮೂರನೇ ಡೋಸ್‌ಗೆ ಮಗನ ಕೈ ಹಿಡಿದುಕೊಂಡು ಬಂದರು. ಕಣ್ಣು ಒಳಗೆ ಹೋಗಿತ್ತು, ನಾಲಿಗೆ ಒಣಗಿತ್ತು, ಕೂತಲ್ಲಿಂದ ಏಳುವಾಗ ತಲೆ ತಿರುಗುತ್ತಿತ್ತು. ಎಷ್ಟು ದಿನದಿಂದ ಭೇದಿ ಅಂತ ಕೇಳಿದರೆ ಇಬ್ಬರೂ ಮುಖ ಮುಖ ನೋಡಿಕೊಂಡರು. ಎರಡು ವಾರ ದಾಟಿತ್ತು. ಯಾಕೆ ಫೋನ್ ಮಾಡಲಿಲ್ಲ ಅಂದೆ. "ಔಷಧ ಕೆಲಸ ಮಾಡ್ತಿದೆ, ಒಳಗಿನ ಕೆಟ್ಟದ್ದೆಲ್ಲ ಹೊರಗೆ ಹೋಗ್ತಿದೆ ಅಂದ್ಕೊಂಡ್ವಿ ಡಾಕ್ಟ್ರೇ" ಅಂದ ಮಗ. ನಡುವೆ ಒಬ್ಬ ಡಾಕ್ಟರಿಗೆ ತೋರಿಸಿದ್ದರಂತೆ. ಅಲ್ಲಿ "ಕೀಮೊ ನಡೀತಿದೆ" ಅಂದಿದ್ದರಂತೆ. ಅವರು ಸೋಂಕು ಅಂದುಕೊಂಡು ಆ್ಯಂಟಿಬಯಾಟಿಕ್ ಕೊಟ್ಟು, ಭೇದಿ ಕಟ್ಟುವ ಮಾತ್ರೆ ಬರೆದಿದ್ದರು. ಕೇಳಿದ ಮಾತಿಗೆ ತಕ್ಕ ಚಿಕಿತ್ಸೆ ಅದು, ಆ ಡಾಕ್ಟರನ್ನು ದೂರುವ ಹಾಗಿಲ್ಲ. ಆದರೆ ಇವರಿಗೆ ಆಗಿದ್ದು ಕೊಲೈಟಿಸ್, ತಮ್ಮದೇ ಟಿ ಜೀವಕೋಶಗಳು ದೊಡ್ಡ ಕರುಳಿನ ಮೇಲೆ ಬಿದ್ದಿದ್ದವು. ಹಾಗೇ ಬಿಟ್ಟರೆ ಕರುಳು ತೂತಾಗುವುದೂ ಉಂಟು.

ಇದಕ್ಕೆ ಚಿಕಿತ್ಸೆ ಸ್ಟೀರಾಯ್ಡ್. ಮಲ ಪರೀಕ್ಷೆಯಲ್ಲಿ ಸೋಂಕು ಇಲ್ಲ ಅಂತ ನೋಡಿಕೊಳ್ಳುತ್ತೇವೆ, ಬೇಕಾದರೆ ಕರುಳಿನ ಎಂಡೋಸ್ಕೋಪಿ ಮಾಡಿಸುತ್ತೇವೆ. ತೀವ್ರವಾಗಿದ್ದರೆ ದೇಹದ ತೂಕದ ಪ್ರತಿ ಕಿಲೋಗೆ 1ರಿಂದ 2 ಮಿಲಿಗ್ರಾಂ ಲೆಕ್ಕದಲ್ಲಿ ಸ್ಟೀರಾಯ್ಡ್ ಶುರು ಮಾಡುತ್ತೇವೆ. ಮೂರು ನಾಲ್ಕು ದಿನದಲ್ಲಿ ಬಗ್ಗದಿದ್ದರೆ ಇನ್‌ಫ್ಲಿಕ್ಸಿಮ್ಯಾಬ್‌ನಂಥ ಔಷಧ. ಇದರ ಹೆಸರೂ 'ಮ್ಯಾಬ್' ಅಂತಲೇ ಮುಗಿಯುತ್ತದೆ. ಮ್ಯಾಬ್ ಅಂದರೆ ಮೊನೊಕ್ಲೋನಲ್ ಆ್ಯಂಟಿಬಾಡಿ, ಅಷ್ಟೇ ಅರ್ಥ. ಒಂದು ಮ್ಯಾಬ್ ತಡೆ ತೆಗೆಯುತ್ತದೆ, ಇನ್ನೊಂದು ಉರಿಯೂತ ಅಡಗಿಸುತ್ತದೆ. ಹಾಗಾಗಿ ಹೆಸರಿನ ಬಾಲ ನೋಡಿ 'ಇದೂ ಇಮ್ಯುನೊನೇ' ಅಂತ ತೀರ್ಮಾನ ಮಾಡಬೇಡಿ.

ಸ್ಟೀರಾಯ್ಡ್ ಅಂದ ಕೂಡಲೇ ಮನೆಯವರು ಗಾಬರಿಯಾಗುತ್ತಾರೆ. "ಇಮ್ಯುನಿಟಿ ಹೆಚ್ಚಿಸೋಕೆ ಅಷ್ಟು ಖರ್ಚು ಮಾಡಿ, ಈಗ ಕಮ್ಮಿ ಮಾಡೋ ಔಷಧ ಕೊಡ್ತೀರಾ?" ನ್ಯಾಯವಾದ ಪ್ರಶ್ನೆಯೇ. ಹೆಚ್ಚಿಸುವ ಔಷಧ ಅಂತ ನಂಬಿದವರಿಗೆ ಇದು ಮಾಡಿದ್ದನ್ನೆಲ್ಲ ಅಳಿಸಿ ಹಾಕಿದ ಹಾಗೆ ಕಾಣುತ್ತದೆ. ಕೆಲವರು ಮನೆಗೆ ಹೋಗಿ ಅರ್ಧಕ್ಕೇ ನಿಲ್ಲಿಸಿಬಿಡುತ್ತಾರೆ. ದಯವಿಟ್ಟು ಹಾಗೆ ಮಾಡಬೇಡಿ. ಸ್ಟೀರಾಯ್ಡನ್ನು ನಾಲ್ಕರಿಂದ ಆರು ವಾರ, ಕೆಲವೊಮ್ಮೆ ಇನ್ನೂ ಜಾಸ್ತಿ, ನಿಧಾನವಾಗಿ ಇಳಿಸಬೇಕು. ಗಡಿಬಿಡಿಯಲ್ಲಿ ನಿಲ್ಲಿಸಿದರೆ ಉರಿಯೂತ ಮತ್ತೆ ಏಳುತ್ತದೆ. ಇಲ್ಲಿಯವರೆಗಿನ ಮಾಹಿತಿ ನೋಡಿದರೆ, ಅಡ್ಡಪರಿಣಾಮಕ್ಕೆ ಅಂತ ಕೊಟ್ಟ ಸ್ಟೀರಾಯ್ಡ್‌ನಿಂದ ಕ್ಯಾನ್ಸರ್ ಮೇಲಿನ ಪರಿಣಾಮ ಅಳಿಸಿಹೋಗುವಂತೆ ಕಾಣುವುದಿಲ್ಲ. ಚಿಕಿತ್ಸೆ ಶುರುವಾಗುವ ಹೊತ್ತಿಗೇ ಬೇರೆ ಕಾಯಿಲೆಗೆ ಸ್ಟೀರಾಯ್ಡ್ ತಗೊಳ್ಳುತ್ತಿದ್ದರೆ ಅದು ಬೇರೆ ವಿಷಯ, ಮೊದಲೇ ತಿಳಿಸಿ. ಸಂಧಿವಾತ, ಸೋರಿಯಾಸಿಸ್‌ನಂಥ ಆಟೊಇಮ್ಯೂನ್ ಕಾಯಿಲೆ ಇದ್ದರೂ ತಿಳಿಸಿ, ಅವು ಕೆರಳಬಹುದು. ಕಿಡ್ನಿ ಕಸಿ ಆಗಿದ್ದರಂತೂ ಹೇಳಲೇಬೇಕು. ಇಷ್ಟು ದಿನ ಸುಮ್ಮನಿದ್ದ ಟಿ ಜೀವಕೋಶಗಳು ಕಸಿ ಮಾಡಿದ ಕಿಡ್ನಿಯನ್ನೇ ತಿರಸ್ಕರಿಸಿಬಿಡಬಹುದು.

ಇದೇ ನಂಬಿಕೆಯ ಇನ್ನೊಂದು ಮುಖ, ಜೊತೆಗೆ ತಗೊಳ್ಳುವ ಇಮ್ಯುನಿಟಿ ಬೂಸ್ಟರ್ ಪುಡಿ, ಮಾತ್ರೆ, ಕಷಾಯಗಳು. ಎರಡೂ ಸೇರಿದರೆ ಡಬಲ್ ಅನ್ನುವ ಲೆಕ್ಕಾಚಾರ. ಇವು ಚೆಕ್‌ಪಾಯಿಂಟ್ ಔಷಧಕ್ಕೆ ನೆರವಾಗುತ್ತವೆ ಅನ್ನುವುದಕ್ಕೆ ನಂಬಬಹುದಾದ ಪುರಾವೆ ನಾನು ಕಂಡಿಲ್ಲ. ಒಂದು ದಿನ ಲಿವರ್ ಟೆಸ್ಟ್ ಏರಿದಾಗ, ಏರಿಸಿದ್ದು ನಮ್ಮ ಔಷಧವೋ ಆ ಪುಡಿಯೋ ತಿಳಿಯದೆ ಒದ್ದಾಡುತ್ತೇವೆ. ಕೆಲಸ ಮಾಡುತ್ತಿದ್ದ ಚಿಕಿತ್ಸೆಯನ್ನು ಆ ಗೊಂದಲದಲ್ಲಿ ನಿಲ್ಲಿಸಬೇಕಾಗಿ ಬಂದರೆ ಎಷ್ಟು ಸಂಕಟ ಹೇಳಿ.

ಎಲ್ಲ ತೊಂದರೆಯೂ ಭೇದಿಯಷ್ಟು ಎದ್ದು ಕಾಣುವುದಿಲ್ಲ. ಚಿಕಿತ್ಸೆ ಮುಗಿಸಿ ಸ್ಕ್ಯಾನ್ ಚೆನ್ನಾಗಿ ಬಂದಿದ್ದ ಒಬ್ಬ ತಾಯಿ ತಿಂಗಳುಗಳ ನಂತರ ಹಾಸಿಗೆ ಬಿಟ್ಟು ಏಳುತ್ತಲೇ ಇರಲಿಲ್ಲ. ಊಟ ಸೇರದು, ತಲೆನೋವು, ಮಾತು ಬೇಡ. ಕಾಯಿಲೆಯಿಂದ ಮನಸ್ಸು ಕುಗ್ಗಿದೆ ಅಂತ ಮನೆಯವರು ಧೈರ್ಯ ಹೇಳುತ್ತಲೇ ಇದ್ದರು. ನೋಡಿದರೆ ಬಿಪಿ ಕೆಳಗೆ, ಸೋಡಿಯಂ ಕೆಳಗೆ, ಬೆಳಗಿನ ಕಾರ್ಟಿಸಾಲ್ ಅನ್ನುವ ಹಾರ್ಮೋನ್ ಹೆಚ್ಚುಕಮ್ಮಿ ಇಲ್ಲವೇ ಇಲ್ಲ. ಪಿಟ್ಯುಟರಿ ಗ್ರಂಥಿ ಏಟು ತಿಂದಿತ್ತು. ಆ ಕೊರತೆ ತುಂಬುವ ಹೈಡ್ರೊಕಾರ್ಟಿಸೋನ್ ಶುರು ಮಾಡಿದ ಎರಡೇ ದಿನಕ್ಕೆ ಎದ್ದು ಕೂತು, ಮಗಳ ಮೇಲೆ ರೇಗಿದರು. ಮಗಳು ಅಳುತ್ತಾ ನಗುತ್ತಿದ್ದಳು. ಅವರ ಥೈರಾಯ್ಡೂ ಕಮ್ಮಿ ಇತ್ತು. ಇಂಥಲ್ಲಿ ಕಾರ್ಟಿಸಾಲ್ ಸರಿಪಡಿಸದೆ ಥೈರಾಯ್ಡ್ ಮಾತ್ರೆ ಮೊದಲು ಕೊಟ್ಟರೆ ರೋಗಿ ಕುಸಿದುಬೀಳಬಹುದು. ಸುಸ್ತಿಗೆ ಅಂತ ನೀವೇ ಥೈರಾಯ್ಡ್ ಟೆಸ್ಟ್ ಮಾಡಿಸಿ ಮಾತ್ರೆ ಶುರು ಮಾಡಬೇಡಿ ಅನ್ನುವುದು ಅದಕ್ಕೇ. ಕರುಳು, ಲಿವರ್ ಸಾಮಾನ್ಯವಾಗಿ ಸುಧಾರಿಸಿಕೊಳ್ಳುತ್ತವೆ. ಹಾರ್ಮೋನ್ ಗ್ರಂಥಿಗಳು ಹೆಚ್ಚಾಗಿ ಮೊದಲಿನಂತೆ ಆಗುವುದಿಲ್ಲ, ಮಾತ್ರೆ ಬದುಕಿರುವಷ್ಟು ದಿನ ಬೇಕಾಗಬಹುದು.

ಜ್ವರ ಬಂದರೂ ಮನೆಯಲ್ಲೇ ತೀರ್ಮಾನ ಮಾಡಬೇಡಿ. ಎಷ್ಟೋ ಜನರಿಗೆ ಈಗ ಕೀಮೊ, ಇಮ್ಯುನೊ ಎರಡನ್ನೂ ಒಟ್ಟಿಗೇ ಕೊಡುತ್ತೇವೆ. ಆಗ ಬಿಳಿ ಕಣ ಬಿದ್ದು ಬಂದ ಸೋಂಕೂ ಆಗಿರಬಹುದು, ಶ್ವಾಸಕೋಶದ ಉರಿಯೂತವೂ ಆಗಿರಬಹುದು. ಹೊಸ ಕೆಮ್ಮು, ಮೆಟ್ಟಿಲು ಹತ್ತುವಾಗ ಏದುಸಿರು, ಎದೆನೋವು, ರೆಪ್ಪೆ ಜೋತುಬೀಳುವುದು, ವಿಪರೀತ ಬಾಯಾರಿಕೆ, ಮೈಯೆಲ್ಲ ದದ್ದು: ಇವುಗಳಲ್ಲಿ ಒಂದು ಕಂಡರೂ ಆವತ್ತೇ ಫೋನ್ ಮಾಡಿ. ಸುಮ್ನೆ ತೊಂದರೆ ಕೊಟ್ಟ ಹಾಗಾಗುತ್ತದೆ ಅಂತ ಸಂಕೋಚ ಪಡಬೇಡಿ. ಏನೂ ಇಲ್ಲ ಅಂತ ಹೇಳಿ ವಾಪಸ್ ಕಳಿಸುವುದು ನಮಗೆ ಖುಷಿಯ ಕೆಲಸ.

ರಾತ್ರಿ ಹೊತ್ತು ಬೇರೆ ಆಸ್ಪತ್ರೆಗೆ ಹೋಗಬೇಕಾಗಿ ಬಂದರೆ ಅಲ್ಲಿನ ಡಾಕ್ಟರಿಗೆ 'ಕೀಮೊ' ಅನ್ನಬೇಡಿ, 'ಇಮ್ಯುನಿಟಿ ಇಂಜೆಕ್ಷನ್' ಅಂತಲೂ ಅನ್ನಬೇಡಿ. "ಚೆಕ್‌ಪಾಯಿಂಟ್ ಇನ್ಹಿಬಿಟರ್ ಕೊಟ್ಟಿದ್ದಾರೆ, ಔಷಧದ ಹೆಸರು ಇದು, ಕೊನೆಯ ಡೋಸ್ ಈ ತಾರೀಕು" ಅನ್ನಿ. ಬಾಯಿಗೆ ಬರದಿದ್ದರೆ ಚೀಟಿಯಲ್ಲಿ ಬರೆದು ಪರ್ಸಿನಲ್ಲಿಟ್ಟುಕೊಳ್ಳಿ, ಮನೆಯವರ ಫೋನಿನಲ್ಲೂ ಒಂದು ಫೋಟೊ ಇರಲಿ. ಕೋರ್ಸ್ ಮುಗಿದ ಮೇಲೆ ಆ ಚೀಟಿ ಎಸೆಯಬೇಡಿ. ಡ್ರಿಪ್ ನಿಂತರೂ ಔಷಧ ಟಿ ಜೀವಕೋಶಗಳ ಮೇಲೆ ತಿಂಗಳುಗಟ್ಟಲೆ ಕೂತಿರುತ್ತದೆ. ಕೊನೆಯ ಡೋಸ್ ಆಗಿ ವರ್ಷವಾದ ಮೇಲೆ ತೊಂದರೆ ಕಾಣಿಸಿಕೊಂಡವರೂ ಇದ್ದಾರೆ.