ಬ್ರಿಟಿಷ್ ಚಿತ್ರಗಳಲ್ಲಿ ನಾಯಿ: ಅಂತಸ್ತಿನ ಗುರುತು

ಕಲೆಯ ಬಗ್ಗೆ ಬರೆಯುವವರು ಹಳೇ ಬ್ರಿಟಿಷ್ ಚಿತ್ರಗಳ ನಾಯಿಯನ್ನು 'ವರ್ಗದ ಸಂಕೇತ' ಅನ್ನುತ್ತಾರೆ. ಅಂದರೆ ಪಕ್ಕದಲ್ಲಿರುವ ನಾಯಿ ನೋಡಿದರೆ ಸಾಕು, ಯಜಮಾನ ಎಂಥ ಮನೆಯವನು ಅಂತ ಆ ಕಾಲದವರಿಗೆ ತಿಳಿಯುತ್ತಿತ್ತು.

ಇದರ ಹಿಂದೆ ಕಾನೂನೂ ಇತ್ತು. ಇಂಗ್ಲೆಂಡಿನ 1671ರ ಬೇಟೆ ಕಾಯ್ದೆಯ ಪ್ರಕಾರ, ವರ್ಷಕ್ಕೆ 100 ಪೌಂಡ್ ಹುಟ್ಟುವಷ್ಟು ಸ್ವಂತ ಜಮೀನು ಇಲ್ಲದವರು, ಕೆಲವು ವಿನಾಯಿತಿ ಬಿಟ್ಟರೆ, ಬೇಟೆಗೆ ಬಂದೂಕನ್ನಾಗಲಿ ಗ್ರೇಹೌಂಡಿನಂಥ ನಾಯಿಯನ್ನಾಗಲಿ ಇಟ್ಟುಕೊಳ್ಳುವ ಹಾಗಿರಲಿಲ್ಲ. ಸಣ್ಣ ರೈತ ತನ್ನದೇ ಹೊಲಕ್ಕೆ ನುಗ್ಗಿದ ಮೊಲವನ್ನೂ ಹೊಡೆಯುವಂತಿರಲಿಲ್ಲ. ಎಂಥ ಅನ್ಯಾಯ ಅಲ್ವಾ?

ಈಗ ಗೇನ್ಸ್‌ಬರೋ ಎಂಬ ಇಂಗ್ಲಿಷ್ ಕಲಾವಿದ 1750ರ ಸುಮಾರಿಗೆ ಬರೆದ, ಜಮೀನ್ದಾರ ಆಂಡ್ರೂಸ್ ದಂಪತಿಯ ಚಿತ್ರ ನೋಡಿ. ಲಂಡನ್ನಿನ ನ್ಯಾಷನಲ್ ಗ್ಯಾಲರಿಯಲ್ಲಿದೆ. ಗಂಡನ ಕಂಕುಳಲ್ಲಿ ಬಂದೂಕು, ಕಾಲ ಬಳಿ ಅವನ ಮುಖವನ್ನೇ ನೋಡುತ್ತಿರುವ ಬೇಟೆ ನಾಯಿ, ಹಿಂದೆ ಕೊಯ್ಲಾದ ಅವರ ಹೊಲ. ಆ ನಾಯಿ ಜಮೀನಿನ ಪತ್ರ ಇದ್ದ ಹಾಗೆ. ಹೊಲದಲ್ಲಿ ದುಡಿದ ಒಬ್ಬ ಆಳೂ ಚಿತ್ರದಲ್ಲಿಲ್ಲ, ನಾಯಿಗೆ ಮಾತ್ರ ಜಾಗ ಸಿಕ್ಕಿದೆ.

ಹೊಗಾರ್ತ್ ಕಥೆ ಬೇರೆ. ದುಡಿದು ಮೇಲೆ ಬಂದ ಈ ಕಲಾವಿದ 1745ರಲ್ಲಿ ತನ್ನದೇ ಚಿತ್ರ ಬರೆದುಕೊಂಡಾಗ ಮುಂದೆ ಕೂರಿಸಿದ್ದು ಬೇಟೆ ನಾಯಿಯನ್ನಲ್ಲ, ತನ್ನ ಪಗ್ ನಾಯಿಯನ್ನು.

ಮುಂದೆ ಲ್ಯಾಂಡ್‌ಸೀರ್ ಎಂಬ ಕಲಾವಿದ ಮನುಷ್ಯರನ್ನೇ ಚಿತ್ರದಿಂದ ಆಚೆ ಇಟ್ಟುಬಿಟ್ಟ. 1829ರ ಅವನ ಎರಡು ಪುಟ್ಟ ಚಿತ್ರಗಳ ಹೆಸರು 'ಹೈ ಲೈಫ್', 'ಲೋ ಲೈಫ್', ಅಂದರೆ ಮೇಲಿನವರ ಬದುಕು, ಕೆಳಗಿನವರ ಬದುಕು. ಒಂದರಲ್ಲಿ ಕತ್ತಿ, ಪುಸ್ತಕಗಳ ನಡುವೆ ತೆಳ್ಳನೆಯ ಡೀರ್‌ಹೌಂಡ್ ಎಂಬ ಜಿಂಕೆ ಬೇಟೆಯ ನಾಯಿ, ಇನ್ನೊಂದರಲ್ಲಿ ಮಾಂಸದಂಗಡಿಯವನ ಬಾಗಿಲಲ್ಲಿ ಕೂತ ಗಟ್ಟಿಮುಟ್ಟಾದ ನಾಯಿ. ಯಜಮಾನರು ಕಾಣುವುದೇ ಇಲ್ಲ, ಆದರೂ ಇಬ್ಬರೂ ಯಾರಂತ ಗೊತ್ತಾಗುತ್ತದೆ. ಕೈಚಳಕ ಅದ್ಭುತ, ಒಪ್ಪುತ್ತೇನೆ. ಆದರೆ ನನಗೆ ಇಲ್ಲೇ ತಕರಾರು: ನಾಯಿಗೆ ತಳಿ ಹುಟ್ಟಿನಿಂದ ಬರುತ್ತದೆ, ಮನುಷ್ಯರ ಮೇಲು ಕೀಳನ್ನು ನಾಯಿಯ ಮೈಮೇಲೆ ತೋರಿಸಿದಾಗ ಅದೂ ಹುಟ್ಟಿನಿಂದಲೇ ಬಂದದ್ದು ಅನ್ನಿಸಿಬಿಡುತ್ತದೆ, ಜಮೀನು ಕಾನೂನು ಎಲ್ಲ ಮರೆತೇ ಹೋಗುತ್ತದೆ. ಬೇಟೆಗೆ ಆಸ್ತಿ ಬೇಕು ಅನ್ನುವ ಆ ನಿಯಮ ರದ್ದಾಗಿದ್ದು ಈ ಚಿತ್ರಗಳು ಬಂದ ಎರಡು ವರ್ಷದ ಮೇಲೆ, 1831ರಲ್ಲಿ.

ಹಾಗಂತ ಕಂಡ ನಾಯಿಗೆಲ್ಲ ಇದೇ ಅರ್ಥ ಹಚ್ಚಬೇಡಿ. ನಿಷ್ಠೆಗೂ ನಾಯಿಯನ್ನು ಬರೆಯುತ್ತಿದ್ದರು. ಯಾವ ತಳಿ, ಎಲ್ಲಿ ಕೂತಿದೆ, ಪಕ್ಕದಲ್ಲಿ ಏನಿದೆ ಅನ್ನುವುದನ್ನು ಮೊದಲು ನೋಡಿ.