ಬಾಯಿ ಕಾಣದ ಬಿಂದಿಗೆ

ಎಲೆಕ್ಟ್ರಾನ್ ಮೈಕ್ರೋಸ್ಕೋಪಿನ ಚಿತ್ರ ಕೈಗೆ ಬಂದ ಕೂಡಲೇ ಸಂಶೋಧನಾ ವಿದ್ಯಾರ್ಥಿಗಳು ಆಡುವ ಮಾತು ಒಂದೇ: "ಸರ್, ಕ್ರಿಸ್ಟೆಗಳು ಕಿತ್ತು ಬಂದಿವೆ, ಮೈಟೊಕಾಂಡ್ರಿಯಾ ಹಾಳಾಗಿದೆ ಅಲ್ವಾ?" ವಾರ ಕಳೆಯುವುದರೊಳಗೆ ಅದು ಪ್ರಬಂಧದ ಕರಡಿಗೂ ಸೇರಿಬಿಟ್ಟಿರುತ್ತದೆ. ಕ್ರಿಸ್ಟೆ ಎಂದರೆ ಕೋಶಕ್ಕೆ ಶಕ್ತಿ ತಯಾರಿಸುವ ಮೈಟೊಕಾಂಡ್ರಿಯಾದ ಒಳಪೊರೆಯ ಮಡಿಕೆ. ಅದು ಕಿತ್ತು ಬಂದಿಲ್ಲ ಸ್ವಾಮಿ. ಬಹುತೇಕ ಸಲ ಸ್ಯಾಂಪಲ್ ಕತ್ತರಿಸುವಾಗ ಬ್ಲೇಡು ಹೋದ ಜಾಗ ಅಂಥದ್ದು, ಅಷ್ಟೇ.

ತಪ್ಪು ಅವರೊಬ್ಬರದೇ ಅಲ್ಲ. 1952ರಲ್ಲಿ ಜಾರ್ಜ್ ಪಲಾಡೆ ಈ ಮಡಿಕೆಗಳಿಗೆ ಕ್ರಿಸ್ಟೆ ಎಂದು ಹೆಸರಿಟ್ಟಾಗ ಕಂಡದ್ದು ಅಗಲ ಬಾಯಿಯ ಮಡಿಕೆಗಳು. ಪಿಯುಸಿ ಪುಸ್ತಕದಲ್ಲಿ ಇವತ್ತಿಗೂ ಅದೇ ಚಿತ್ರ, ಸೀರೆಯ ನೆರಿಗೆಯ ಹಾಗೆ. 1990ರ ದಶಕದಲ್ಲಿ ಎಲೆಕ್ಟ್ರಾನ್ ಟೊಮೊಗ್ರಫಿ (ಹಲವು ಕೋನಗಳ ಚಿತ್ರ ಸೇರಿಸಿ ಮೂರು ಆಯಾಮದ ರೂಪ ಕಟ್ಟುವ ವಿಧಾನ) ಬಂದ ಮೇಲೆ ತಿಳಿದದ್ದು ಬೇರೆ: ಕ್ರಿಸ್ಟೆ ಎಂದರೆ ಬಿಂದಿಗೆ. ಹೊಟ್ಟೆ ದೊಡ್ಡದು, ಕತ್ತು ಸಣ್ಣದು. ಒಳಪೊರೆಗೆ ಅಂಟಿರುವ ಆ ಕತ್ತಿನ ಅಗಲ ಸಾಮಾನ್ಯವಾಗಿ 12ರಿಂದ 40 ನ್ಯಾನೋಮೀಟರ್.

ಈಗ ಒಂದು ಬಿಂದಿಗೆಯನ್ನು ನೆಟ್ಟಗೆ ನಿಲ್ಲಿಸಿ, ಪಕ್ಕಕ್ಕೆ ಸರಿದು ಮೇಲಿಂದ ಕೆಳಕ್ಕೆ ಸೀಳಿ. ಗರಗಸ ಕತ್ತನ್ನು ಮುಟ್ಟುವುದೇ ಇಲ್ಲ. ಸಿಕ್ಕಿದ ಹೋಳಿನಲ್ಲಿ ಸುತ್ತಲೂ ಮುಚ್ಚಿದ ದುಂಡಗಿನ ಗೆರೆ, ಬಾಯಿಯೇ ಇಲ್ಲ. ಅದನ್ನು ಕಂಡು ಈ ಬಿಂದಿಗೆಗೆ ಬಾಯಿಲ್ಲ ಅನ್ನುತ್ತೀರಾ? ನಮ್ಮ ಸೆಕ್ಷನ್ನಿನ, ಅಂದರೆ ಮೈಕ್ರೋಸ್ಕೋಪಿಗೆಂದು ಕತ್ತರಿಸಿದ ತೆಳು ಹೋಳಿನ, ದಪ್ಪ 60–70 ನ್ಯಾನೋಮೀಟರ್. ಕತ್ತು ಅದೃಷ್ಟಕ್ಕೆ ಅದರೊಳಗೇ ಬಿದ್ದರೂ, ಮೇಲಿನ ಕೆಳಗಿನ ಪೊರೆಗಳ ನೆರಳು ಒಂದರ ಮೇಲೊಂದು ಕೂತು ಅದನ್ನು ಮಸುಕು ಮಾಡುತ್ತವೆ. ಅನುಮಾನವಿದ್ದರೆ ಸಾಲಾಗಿ ಕತ್ತರಿಸಿದ ಸೆಕ್ಷನ್‌ಗಳನ್ನು ಜೋಡಿಸಿ ನೋಡಬೇಕು, ಇಲ್ಲವೇ 200–300 ನ್ಯಾನೋಮೀಟರ್ ದಪ್ಪದ ಸೆಕ್ಷನ್ನನ್ನು ಎರಡೂ ಕಡೆ 60 ಡಿಗ್ರಿವರೆಗೆ ಓರೆ ಮಾಡುತ್ತಾ ಟೊಮೊಗ್ರಫಿ ಮಾಡಿಸಬೇಕು. ಒಂದೇ ಚಿತ್ರ ಹಿಡಿದು ತೀರ್ಪು ಕೊಡುವ ಹಾಗಿಲ್ಲ.

ನಿಜವಾಗಿ ಕಳಚುವುದೂ ಉಂಟು, ಇಲ್ಲವೆನ್ನುವುದಿಲ್ಲ. ಕತ್ತನ್ನು ಹಿಡಿದಿಡುವುದು ಮೈಕಾಸ್ ಎಂಬ ಪ್ರೋಟೀನ್ ಗುಂಪು. ಅದರ ಮಿಕ್10 ಅಥವಾ ಮಿಕ್60 ಇಲ್ಲದ ಯೀಸ್ಟ್‌ನಲ್ಲಿ ಕ್ರಿಸ್ಟೆಗಳು ಒಳಪೊರೆಯಿಂದ ಬೇರೆಯಾಗಿ ಒಂದರ ಮೇಲೊಂದು ಪೇರಿಸಿದಂತೆ ಬಿದ್ದಿರುತ್ತವೆ. ಕತ್ತು ಅಷ್ಟು ಮುಖ್ಯ. "ಮಡಿಕೆ ಹೆಚ್ಚಾದರೆ ಮೇಲ್ಮೈ ಹೆಚ್ಚು, ಮೇಲ್ಮೈ ಹೆಚ್ಚಾದರೆ ಶಕ್ತಿ ಹೆಚ್ಚು" ಎಂಬ ಪರೀಕ್ಷೆಯ ಉತ್ತರ ಅರ್ಧ ಸತ್ಯ, ಆಕಾರವೂ ಲೆಕ್ಕಕ್ಕೆ ಬರುತ್ತದೆ. ಕೋಶ ಬಳಸುವ ಶಕ್ತಿಯ ಅಣುವಾದ ಎಟಿಪಿಯನ್ನು ತಯಾರಿಸುವ ಎಟಿಪಿ ಸಿಂಥೇಸ್ ಜೋಡಿಜೋಡಿಯಾಗಿ ಸಾಲುಗಟ್ಟಿ ಕ್ರಿಸ್ಟೆಯ ಚೂಪಾದ ಅಂಚಿನಲ್ಲೇ ಕೂರುತ್ತದೆ. ಆ ಅಂಚನ್ನು ಬಗ್ಗಿಸುವುದೂ ಅದೇ ಜೋಡಿಗಳು. ಹೊರಬಂದರೆ ಕೋಶದ ಸಾವಿಗೆ ದಾರಿ ಮಾಡುವ ಪ್ರೋಟೀನ್ ಸೈಟೋಕ್ರೋಮ್ ಸಿಯ ಬಹುಪಾಲು ಬಿಂದಿಗೆಯ ಹೊಟ್ಟೆಯೊಳಗೇ ಇರುತ್ತದೆ, ಕತ್ತು ಸಡಿಲವಾದರೆ ಹೊರಗೆ ಬರುವ ದಾರಿ ಸಲೀಸು.

ಇನ್ನೊಂದು ಗೊಂದಲ. ಅಡ್ರಿನಲ್ ಹೊರಪದರದಂಥ, ಸ್ಟೀರಾಯ್ಡ್ ತಯಾರಿಸುವ ಕೋಶಗಳಲ್ಲಿ ಕ್ರಿಸ್ಟೆಗಳು ಹುಟ್ಟಾ ಕೊಳವೆಯಾಕಾರ. ಅಡ್ಡ ಕತ್ತರಿಸಿದರೆ ಪುಟ್ಟ ಪುಟ್ಟ ಉಂಗುರ ಕಾಣುತ್ತವೆ. ಅದನ್ನು "ಗುಳ್ಳೆ ಎದ್ದಿದೆ" ಎಂದು ಬರೆದವರಿದ್ದಾರೆ.

ಮೈಟೊಕಾಂಡ್ರಿಯಾ ಊದಿ, ಒಳಗೆಲ್ಲ ಬಿಳಿಚಿಕೊಂಡು, ಕ್ರಿಸ್ಟೆ ಅಂಚಿಗೆ ಒತ್ತರಿಸಿದ್ದರೆ ಅದು ಬೇರೆ ಕಥೆ. ಮೊದಲು ನೋಡಬೇಕಾದ್ದು ರೋಗವನ್ನಲ್ಲ, ಸ್ಯಾಂಪಲ್ ಬಂದ ದಾರಿಯನ್ನು. ಅಂಗಾಂಶವನ್ನು ಸಲೈನ್‌ಗೆ ಹಾಕಿ ಆಟೋದಲ್ಲಿ ಕಳಿಸಿದರೆ, ಬೆಂಗಳೂರಿನ ಟ್ರಾಫಿಕ್‌ಗೆ ಹೆಸರಾದ ಸಿಲ್ಕ್ ಬೋರ್ಡ್ ದಾಟುವಷ್ಟರಲ್ಲಿ ರಕ್ತವಿಲ್ಲದ ಕೋಶದಲ್ಲಿ ಎಟಿಪಿ ಮುಗಿದು, ಅಯಾನು ಪಂಪುಗಳು ನಿಂತು, ನೀರು ಒಳನುಗ್ಗಿರುತ್ತದೆ. ಫ್ರೀಜರಿನಲ್ಲಿಟ್ಟರಂತೂ ಮಂಜಿನ ಹರಳುಗಳು ಪೊರೆಯನ್ನೇ ಹರಿದಿರುತ್ತವೆ. ಆಮೇಲೆ ಯಾರೂ ಏನೂ ಮಾಡಲಾರರು.

ಮಾಡಬೇಕಾದ್ದು ಇಷ್ಟು. 0.1 ಮೋಲಾರ್ ಬಫರಿನಲ್ಲಿ 2.5 ಶೇಕಡಾ ಗ್ಲುಟರಾಲ್ಡಿಹೈಡ್ (ಅಂಗಾಂಶವನ್ನು ಇದ್ದಂತೆಯೇ ಹಿಡಿದಿಡುವ ರಾಸಾಯನಿಕ), ಪಿಎಚ್ 7.2–7.4, ಮೊದಲೇ ಸಿದ್ಧವಿರಲಿ. ಅಂಗಾಂಶ ತೆಗೆದ ಕೂಡಲೇ ಆ ದ್ರಾವಣದ ಹನಿಯಲ್ಲೇ ಹೊಸ ಬ್ಲೇಡಿನಿಂದ 1 ಮಿಲಿಮೀಟರ್ ತುಂಡು ಮಾಡಿ. ದೊಡ್ಡ ತುಂಡು ಬೇಡ. ಗ್ಲುಟರಾಲ್ಡಿಹೈಡ್ ಬಹಳ ನಿಧಾನವಾಗಿ ಇಳಿಯುತ್ತದೆ, ಅಂಚು ಚೆನ್ನಾಗಿದ್ದು ನಡುಭಾಗ ಹಾಳಾಗಿರುತ್ತದೆ. ನೀರಿನಲ್ಲಿ ತೊಳೆಯಬೇಡಿ. ಆಮೇಲಿನ 1 ಶೇಕಡಾ ಆಸ್ಮಿಯಂ ಟೆಟ್ರಾಕ್ಸೈಡ್, ರೆಸಿನ್, ಕತ್ತರಿಸುವ ಕೆಲಸ ಎಲ್ಲ ಮೈಕ್ರೋಸ್ಕೋಪ್ ಲ್ಯಾಬಿನವರಾದ ನಮಗೆ ಬಿಡಿ. ಹೋಲಿಕೆಗೆಂದು ಇಟ್ಟ ರೋಗವಿಲ್ಲದ ಕಂಟ್ರೋಲ್ ತುಂಡನ್ನೂ ಅದೇ ದಿನ, ಅದೇ ಬಾಟಲಿಯ ದ್ರಾವಣದಲ್ಲಿ ಕೊಡಿ. ಅದರಲ್ಲೂ ಮೈಟೊಕಾಂಡ್ರಿಯಾ ಊದಿದ್ದರೆ ಕಾರಣವನ್ನು ರೋಗದಲ್ಲಿ ಹುಡುಕಬೇಕಾಗಿಲ್ಲ.

ಲ್ಯಾಬಿನ ಫಾರಂನಲ್ಲಿ ಎರಡು ಸಮಯ ಕೇಳಿರುತ್ತಾರೆ: ಅಂಗಾಂಶ ತೆಗೆದದ್ದು ಎಷ್ಟು ಗಂಟೆಗೆ, ದ್ರಾವಣಕ್ಕೆ ಹಾಕಿದ್ದು ಎಷ್ಟು ಗಂಟೆಗೆ. ಅಲ್ಲಿ "ಸ್ವಲ್ಪ ಹೊತ್ತಿಗೆ" ಅಂತ ಬರೆಯಬೇಡಿ, ನಿಮಿಷ ಬರೆಯಿರಿ.