ಸುಂಕ ತೆಗೆದ ಮೇಲೂ ಲಾರಿ ಏಕೆ ನಿಲ್ಲುತ್ತದೆ?

ಪ್ರಶ್ನೆ: ದಕ್ಷಿಣ ಏಷ್ಯಾದ ದೇಶಗಳು ಮುಕ್ತ ವ್ಯಾಪಾರ ಒಪ್ಪಂದ ಮಾಡಿಕೊಂಡು ಎಷ್ಟೋ ವರ್ಷಗಳಾದವು. ಆದರೂ ಅವುಗಳ ನಡುವಿನ ವ್ಯಾಪಾರ ಏಕೆ ಬೆಳೆದಿಲ್ಲ? ಉಳಿದ ಸುಂಕವನ್ನೂ ತೆಗೆದರೆ ಸರಿಹೋಗುವುದಿಲ್ಲವೇ?

ಉತ್ತರ: ಬದಿಯಡ್ಕ, ಪೆರ್ಲ, ಕುಂಬಳೆ ಕಡೆಯ ಓದುಗರು ಈ ಪ್ರಶ್ನೆಯನ್ನು ಮತ್ತೆ ಮತ್ತೆ ಕೇಳುತ್ತಾರೆ, ನಾನೂ ಮತ್ತೆ ಮತ್ತೆ ಉತ್ತರಿಸಿದ್ದೇನೆ. ಆದರೆ ಸುಂಕವೊಂದೇ ಅಡ್ಡಿ ಎಂಬ ನಂಬಿಕೆ ಮಾತ್ರ ಅಲುಗಾಡುವುದಿಲ್ಲ. ಆದ್ದರಿಂದ ಈ ಬಾರಿ ಅದನ್ನೇ ಮೊದಲು ಕೈಗೆತ್ತಿಕೊಳ್ಳುತ್ತೇನೆ.

ದಕ್ಷಿಣ ಏಷ್ಯಾ ಮುಕ್ತ ವ್ಯಾಪಾರ ಒಪ್ಪಂದ ಜಾರಿಗೆ ಬಂದದ್ದು 2006ರಲ್ಲಿ. ಈ ದೇಶಗಳ ಒಟ್ಟು ವ್ಯಾಪಾರದಲ್ಲಿ ತಮ್ಮತಮ್ಮೊಳಗಿನ ಪಾಲು ಇಂದಿಗೂ ಶೇ. 5ರ ಆಸುಪಾಸಿನಲ್ಲಿದೆ, ಆಗ್ನೇಯ ಏಷ್ಯಾದ ಆಸಿಯಾನ್ ದೇಶಗಳಲ್ಲಿ ಅದು ಶೇ. 20ನ್ನು ಮೀರುತ್ತದೆ. ಪ್ರತಿ ದೇಶವೂ ನೆರೆಯವನು ಮಾರಬಲ್ಲ ಸರಕನ್ನೇ ‘ಸೂಕ್ಷ್ಮ ಪಟ್ಟಿ’ಗೆ ಸೇರಿಸಿ ರಿಯಾಯಿತಿಯಿಂದ ಹೊರಗಿಟ್ಟದ್ದು ನಿಜ, ಅಷ್ಟರ ಮಟ್ಟಿಗೆ ಸುಂಕದ ಮೇಲಿನ ದೂರು ಸರಿಯೇ. ಆದರೆ 2011ರಲ್ಲಿ ಭಾರತವು ಬಾಂಗ್ಲಾದೇಶ, ನೇಪಾಳ, ಭೂತಾನದಂತಹ ದೇಶಗಳಿಗೆ ಮದ್ಯ ಮತ್ತು ತಂಬಾಕಿಗೆ ಸೇರಿದ 25 ಬಾಬ್ತುಗಳನ್ನು ಬಿಟ್ಟು ಉಳಿದೆಲ್ಲದರ ಸುಂಕವನ್ನು ತೆಗೆದುಹಾಕಿತು. ಸುಂಕವೇ ಅಡ್ಡಿಯಾಗಿದ್ದರೆ ಅಂದೇ ದಾರಿ ತೆರೆಯಬೇಕಿತ್ತು. ವಿಶ್ವಬ್ಯಾಂಕು 2021ರಲ್ಲಿ ಪ್ರಕಟಿಸಿದ ಲೆಕ್ಕದಂತೆ ಭಾರತ–ಬಾಂಗ್ಲಾದೇಶದ ನಡುವಿನ ಪೆಟ್ರಾಪೋಲ್–ಬೆನಾಪೋಲ್ ಗಡಿ ದಾಟಲು ಹಿಡಿಯುತ್ತಿದ್ದ ಸಮಯ 138 ಗಂಟೆ. ಅದರಲ್ಲಿ 28 ಗಂಟೆ, ಒಂದು ದೇಶದ ಲಾರಿಯಿಂದ ಸರಕನ್ನು ಇಳಿಸಿ ಇನ್ನೊಂದು ದೇಶದ ಲಾರಿಗೆ ಏರಿಸುವುದಕ್ಕೇ ಹೋಗುತ್ತಿತ್ತು. ಪೂರ್ವ ಆಫ್ರಿಕಾದಲ್ಲಿ ಅಷ್ಟೇ ಸಂಚಾರವಿರುವ ಗಡಿಗಳನ್ನು ಆರು ಗಂಟೆಯೊಳಗೆ ದಾಟಬಹುದು.

ಇದನ್ನು ಅರ್ಥಮಾಡಿಕೊಳ್ಳಲು ಕಾಸರಗೋಡಿನವರು ಬಂಗಾಳದವರೆಗೆ ಹೋಗಬೇಕಾಗಿಯೇ ಇಲ್ಲ. ಕರ್ನಾಟಕ ಮತ್ತು ಕೇರಳದ ನಡುವೆ ಆಮದು ಸುಂಕವಿಲ್ಲ. ನಾಣ್ಯ ಒಂದೇ, ಹೆದ್ದಾರಿಯೂ ಒಂದೇ. ಹಾಗಿದ್ದರೂ 2017ರಲ್ಲಿ ಜಿಎಸ್‌ಟಿ ಬರುವವರೆಗೆ ತಲಪಾಡಿ ದಾಟಿದ ಸರಕಿನ ಲಾರಿಗಳು ತೆರಿಗೆ ತಪಾಸಣೆಗಾಗಿ ಸಾಲುಗಟ್ಟಿ ನಿಲ್ಲುತ್ತಿದ್ದುದನ್ನು ನಾವೆಲ್ಲ ನೋಡಿದ್ದೇವೆ. ಚಾಲಕ ಬಿಲ್ಲುಗಳ ಕಂತೆ ಹಿಡಿದು ಕಿಟಕಿಯೆದುರು ಕಾಯುತ್ತಿದ್ದ, ಕ್ಲೀನರ್ ಲಾರಿಯ ನೆರಳಲ್ಲಿ ಮಲಗಿರುತ್ತಿದ್ದ, ಹಿಂದೆ ನಿಂತ ತರಕಾರಿ ಲಾರಿಯಲ್ಲಿ ಸೊಪ್ಪು ಬಾಡುತ್ತಿತ್ತು. ಅಲ್ಲಿ ಲಾರಿಯನ್ನು ತಡೆದದ್ದು ಸುಂಕವಲ್ಲ, ಕಾಗದ. ಒಂದೇ ದೇಶದೊಳಗೆ ಹೀಗಿದ್ದ ಮೇಲೆ ಎರಡು ದೇಶಗಳ ನಡುವೆ ಏನಾಗಬಹುದು ಎಂಬುದನ್ನು ಊಹಿಸುವುದು ಕಷ್ಟವಲ್ಲ.

ಬೇರೆ ಅಡ್ಡಿಗಳೂ ಇವೆ. ಒಂದು ದೇಶದ ಪ್ರಯೋಗಾಲಯ ಕೊಟ್ಟ ವರದಿಯನ್ನು ಇನ್ನೊಂದು ದೇಶ ಒಪ್ಪದಿರುವುದು ಒಂದು. ನಮ್ಮಲ್ಲೂ ಶ್ರೀಲಂಕಾದಲ್ಲೂ ತೆಂಗು, ಅಡಿಕೆ, ಕರಿಮೆಣಸುಗಳೇ ಬೆಳೆಯುವುದರಿಂದ ಒಬ್ಬರಿಗೊಬ್ಬರು ಮಾರುವಂಥದ್ದು ಕಡಿಮೆಯಾಗಿರುವುದು ಇನ್ನೊಂದು. ಬೆಳೆಯನ್ನು ಬದಲಿಸುವುದು ಸುಲಭವಲ್ಲ, ಗಡಿಯ ವ್ಯವಸ್ಥೆಯನ್ನು ಬದಲಿಸಬಹುದು. ಜಾಂಬಿಯಾ ಮತ್ತು ಜಿಂಬಾಬ್ವೆ 2009ರಲ್ಲಿ ಚಿರುಂಡು ಎಂಬಲ್ಲಿ ಎರಡೂ ದೇಶಗಳ ಅಧಿಕಾರಿಗಳನ್ನು ಒಂದೇ ಕಡೆ ಕೂರಿಸಿದವು. ಲಾರಿ ಎರಡು ಸಲ ನಿಲ್ಲುವ ಬದಲು ಒಂದೇ ಸಲ ನಿಂತರೆ ಸಾಕಾಯಿತು.

ಇಲ್ಲಿ ಇನ್ನೊಂದು ಪ್ರಶ್ನೆ ಹುಟ್ಟುತ್ತದೆ. ಅದನ್ನು ಯಾರೂ ನೇರವಾಗಿ ಕೇಳಿಲ್ಲ, ಆದರೆ ಅಡಿಕೆ ಬೆಳೆಯುವವರು ಕೇಳಲೇಬೇಕು: ಗಡಿ ದಾಟಿ ಬಂದ ಸರಕು ನಿಜವಾಗಿ ಎಲ್ಲಿಯದು? 1998ರಲ್ಲಿ ಸಹಿಯಾದ ಭಾರತ–ಶ್ರೀಲಂಕಾ ಒಪ್ಪಂದದಲ್ಲಿ, ಹೊರಗಿನ ಕಚ್ಚಾವಸ್ತು ಬಳಸಿ ತಯಾರಿಸಿದ ಸರಕಿಗೆ ರಿಯಾಯಿತಿ ಸಿಗಬೇಕಾದರೆ ಸಾಮಾನ್ಯವಾಗಿ ಅದರ ಮೌಲ್ಯದ ಶೇ. 35ರಷ್ಟಾದರೂ ರಫ್ತು ಮಾಡುವ ದೇಶದಲ್ಲಿಯೇ ಸೇರಿರಬೇಕು. ವಿಯೆಟ್ನಾಮಿನ ಮೆಣಸು ಶ್ರೀಲಂಕಾದ ಹೆಸರಿನಲ್ಲಿ ಬರುತ್ತಿದೆ ಎಂಬ ದೂರು ಎದ್ದಾಗ ಸರ್ಕಾರ 2017ರ ಡಿಸೆಂಬರಿನಲ್ಲಿ ಕರಿಮೆಣಸಿಗೆ ಕಿಲೋಗೆ 500 ರೂಪಾಯಿಯ ಕನಿಷ್ಠ ಆಮದು ಬೆಲೆ ಗೊತ್ತುಮಾಡಿತು, ಅಂದರೆ ಅದಕ್ಕಿಂತ ಅಗ್ಗವಾಗಿ ತರಿಸುವಂತಿಲ್ಲ. ಅಡಿಕೆಗೆ 2023ರಿಂದ ಅದು 351 ರೂಪಾಯಿ. 2020ರ ಸೆಪ್ಟೆಂಬರಿನಿಂದ ಆಮದುದಾರ ಸರಕು ಯಾವ ದೇಶದ್ದೆಂದು ಹೇಳುವ ಪ್ರಮಾಣಪತ್ರವೊಂದನ್ನೇ ತೋರಿಸಿದರೆ ಸಾಲದು, ಸರಕು ಎಲ್ಲಿ ಹೇಗೆ ತಯಾರಾಯಿತೆಂಬ ವಿವರವನ್ನೂ ತಾನೇ ಇಟ್ಟುಕೊಂಡಿರಬೇಕು. ಕಳ್ಳದಾರಿಯ ಅಡಿಕೆಯಿಂದ ಚಾಲಿಯ (ಒಣಗಿಸಿ ಸುಲಿದ ಅಡಿಕೆಯ) ಧಾರಣೆ ಕುಸಿಯುವುದನ್ನು ಕಂಡ ನಮಗೆ ಈ ಬಿಗಿ ಬೇಕು, ನಾನೂ ಅದರ ಪರವಾಗಿಯೇ ಇದ್ದೇನೆ. ಆದರೆ ಪ್ರಾಮಾಣಿಕವಾಗಿ ಬೆಳೆದು ಕಳುಹಿಸಿದ ಶ್ರೀಲಂಕಾದ ಕೃಷಿಕನ ಮೆಣಸಿನ ಚೀಲವೂ ಇದೇ ಕಾಗದಗಳಿಗಾಗಿ ಬಂದರಿನಲ್ಲಿ ಕಾಯಬೇಕಾಗುತ್ತದೆ.